ಬೆಳಕಿನ ಹಸ್ತಕ್ಷೇಪ

ಬೆಳಕಿಗೆ ಬೆಳಕು ಸೇರಿದರೆ ಕತ್ತಲೆಯಾಗುತ್ತದೆ ಎಂದು ಯಾರಾದರೂ ಹೇಳಿದರೆ ಮನೆಯವರು ಅವರನ್ನು ಡಾಕ್ಟರ ಹತ್ತಿರ ಕರೆದುಕೊಂಡು ಹೋಗುತ್ತಾರೆ. ನಮ್ಮ ಕಾಲೇಜಿನಲ್ಲಿ ಮಾತ್ರ ಹಾಗೆ ಹೇಳುವವರಿಗೆ ಕರಿಹಲಗೆ, ಸೀಮೆಸುಣ್ಣ ಮತ್ತು ಕಪ್ಪು ಪರದೆ ಕಟ್ಟಿದ ಒಂದು ಕೋಣೆಯನ್ನು ಕೊಟ್ಟಿದ್ದೇವೆ. ಹೇಳುವವರು ಭೌತಶಾಸ್ತ್ರದ ಮೇಡಂ. ಬಾಗಿಲ ಬಳಿ ಸ್ಟೂಲಿನ ಮೇಲೆ ಕೂತು ಅದನ್ನು ವರ್ಷ ವರ್ಷವೂ ಕೇಳಿಸಿಕೊಂಡವರು ಲ್ಯಾಬಿನ ಅಟೆಂಡರ್ ಪಟ್ಟೆಯಪ್ಪ. ಇಬ್ಬರಲ್ಲಿ ಯಾರು ಹೆಚ್ಚು ನಂಬಿದ್ದರು ಎಂದು ಕೇಳಿದರೆ ನಾನು ಸ್ಟೂಲಿನ ಕಡೆಗೇ ಕೈ ತೋರಿಸುತ್ತೇನೆ.

ಪಟ್ಟೆಯಪ್ಪ ಎನ್ನುವುದು ಹೆತ್ತವರು ಇಟ್ಟ ಹೆಸರಲ್ಲ. ಹುಲಿಗೆ ಪಟ್ಟೆ ಹುಟ್ಟಿನಿಂದ ಬರುತ್ತದೆ, ಇವರಿಗೆ ನೌಕರಿಯಿಂದ ಬಂತು. ಕತ್ತಲಕೋಣೆಯಲ್ಲಿ ಪೆಟ್ಟಿಗೆಯೊಳಗೆ ಒಂದು ಹಳದಿ ದೀಪ ಹಚ್ಚಿ, ಅದರ ಬೆಳಕನ್ನು ಕೂದಲೆಳೆಯಷ್ಟು ಸಣ್ಣ ಎರಡು ಸೀಳುಗಳ ಮೂಲಕ ಬಿಟ್ಟರೆ, ಈಚೆಗೆ ಬೆಳಕಿನದೊಂದು ಗೆರೆ, ಕತ್ತಲೆಯದೊಂದು ಗೆರೆ, ಮತ್ತೆ ಬೆಳಕು, ಮತ್ತೆ ಕತ್ತಲೆ, ಹೀಗೆ ಪಟ್ಟೆ ಬೀಳುತ್ತದೆ. ಎರಡು ಸೀಳಿನಿಂದ ಬಂದ ಬೆಳಕು ಅಲೆಗಳಂತೆ ಒಂದರ ಮೇಲೊಂದು ಬಿದ್ದು ಕೆಲವು ಕಡೆ ಕೂಡಿಕೊಳ್ಳುತ್ತದೆ, ಕೆಲವು ಕಡೆ ಒಂದನ್ನೊಂದು ಅಳಿಸಿಹಾಕುತ್ತದೆ. ಇದನ್ನು ಹಿತ್ತಾಳೆಯ ಕೊಳವೆಗೆ ಒಂದು ಕಣ್ಣಿಟ್ಟು ನೋಡಬೇಕು. ವಿದ್ಯಾರ್ಥಿಗಳು ಅರ್ಧ ಗಂಟೆ ತಿಣುಕಿ, ಏನೂ ಕಾಣದೆ, ಕೊನೆಗೆ ಪಕ್ಕದವರ ಪುಸ್ತಕದಲ್ಲಿ ಕಂಡದ್ದನ್ನು ಬರೆದುಕೊಳ್ಳುತ್ತಿದ್ದರು. ಪಟ್ಟೆಯಪ್ಪ ಬಂದು ಸೀಳನ್ನು ಬೆರಳ ತುದಿಯಿಂದ ಇಷ್ಟೇ ಇಷ್ಟು ತಿರುಗಿಸಿ, ಕಣ್ಣಿಟ್ಟು, ಪಟ್ಟೆ ಎಣಿಸಿ, "ಹದಿನಾಲ್ಕು" ಎನ್ನುವರು. ಮೇಡಂ ಮತ್ತೊಮ್ಮೆ ನೋಡುತ್ತಿರಲಿಲ್ಲ. ಇಪ್ಪತ್ತಾರು ವರ್ಷದ ಆ ನೌಕರಿಯಲ್ಲಿ ಅವರಿಗಿದ್ದ ಆಸ್ತಿ ಆ ಕಣ್ಣೊಂದೇ, ನಿವೃತ್ತಿಗೆ ಇನ್ನು ಒಂದೂವರೆ ವರ್ಷವಿತ್ತು.

ನಾನು ಅದೇ ಕಾಲೇಜಿನ ಆಫೀಸಿನ ಗುಮಾಸ್ತ. ನನಗೂ ಒಂದು ಕೀರ್ತಿ ಇತ್ತು. ಅರ್ಜಿ ಬರೆಯುವುದರಲ್ಲಿ ನನ್ನನ್ನು ಮೀರಿಸುವವರಿಲ್ಲ ಎಂದು ನಾಲ್ಕು ಜನ ಹೇಳುತ್ತಿದ್ದರು, ಆ ನಾಲ್ವರಲ್ಲಿ ನಾನೂ ಒಬ್ಬ. ಮುಂದೆ ಆದ ಅನಾಹುತಕ್ಕೆ ಬೆಳಕು ಎಷ್ಟು ಕಾರಣವೋ ನನ್ನ ಕನ್ನಡವೂ ಅಷ್ಟೇ ಕಾರಣ. ಇದನ್ನು ಮೊದಲೇ ಹೇಳಿಬಿಡುವುದು ಮರ್ಯಾದೆ.

ಒಂದು ಮಧ್ಯಾಹ್ನ ಪಟ್ಟೆಯಪ್ಪ ಬಂದು ನನ್ನ ಮೇಜಿನ ಮುಂದೆ ಕೂತರು.

"ಗುಮಾಸ್ತ್ರೇ, ನಮ್ಮನೆ ಗೋಡೆ ಮೇಲೆ ಪಟ್ಟೆ ಬಿದ್ದಿದೆ."

"ಸುಣ್ಣ ಹೊಡಿಸಿ."

"ಇದು ಸುಣ್ಣಕ್ಕೆ ಹೋಗೋ ಪಟ್ಟೆ ಅಲ್ಲ. ಶಾಸ್ತ್ರದ ಪಟ್ಟೆ."

ವಿಷಯ ಇಷ್ಟು. ಅವರ ನಡುಮನೆಗೆ ಓಣಿಯ ಕಡೆ ಎರಡು ಕಿರಿದಾದ ಕಿಟಕಿಗಳು. ಎದುರುಮನೆಯಲ್ಲಿ ಹೊಲಿಗೆಯ ಹೆಂಗಸು ಒಬ್ಬಳು, ಓಣಿಗೆಲ್ಲ ಟೇಲರಮ್ಮ. ಗಂಡ ತೀರಿಕೊಂಡ ಮೇಲೆ ಮಿಷನ್ನನ್ನು ಕಿಟಕಿಯ ಹತ್ತಿರಕ್ಕೆ ಎಳೆದುಕೊಂಡು, ಮೇಲೊಂದು ಉದ್ದನೆಯ ಟ್ಯೂಬ್‌ಲೈಟ್ ಹಾಕಿಸಿ, ಶಾಲೆಯವರ ಯೂನಿಫಾರಂ ಹೊಲಿಯುತ್ತಿದ್ದಳು. ಆ ಟ್ಯೂಬ್‌ಲೈಟ್ ಹತ್ತಿದ ವಾರದಿಂದಲೇ ಪಟ್ಟೆಯಪ್ಪನವರ ಗೋಡೆಯ ನಡುಮಧ್ಯೆ ಕತ್ತಲೆ ಕಾಣತೊಡಗಿತ್ತು. ಕಿಟಕಿಯ ಸರಳುಗಳು ನೀರಿನೊಳಗಿದ್ದ ಹಾಗೆ ಡೊಂಕಾಗುತ್ತಿದ್ದವು. ಪೇಪರು ಓದಲು ಕೂತರೆ ಸಾಲಿನ ನಡುವಿನ ಅಕ್ಷರಗಳು ಮಾಯವಾಗುತ್ತಿದ್ದವು.

"ಅವಳದ್ದು ಒಂದು ದೀಪ. ನಮ್ಮದು ಎರಡು ಕಿಟಕಿ. ಎರಡು ಕಿಟಕಿ ಅಂದ್ರೆ ಎರಡು ಸೀಳು. ಬೆಳಕು ಅಲೆಯಾಗಿ ಬಂದು ಒಂದನ್ನೊಂದು ತಿಂದ್ಹಾಕ್ತಾ ಇದೆ. ಇದಕ್ಕೆ ಇಂಟರ್‌ಫಿಯರೆನ್ಸ್ ಅಂತಾರೆ."

"ಮನೇಲಿ ಅಕ್ಕನಿಗೂ ಕಾಣುತ್ತಾ?"

"ಅವಳು ಲ್ಯಾಬಲ್ಲಿ ಕೆಲಸ ಮಾಡಿಲ್ಲ," ಎಂದರು.

ಮಾತಿನಲ್ಲಿ ಎಲ್ಲೂ ಬಿರುಕು ಕಾಣಲಿಲ್ಲ. ನಾನೂ ಲ್ಯಾಬಿನಲ್ಲಿ ಕೆಲಸ ಮಾಡಿದವನಲ್ಲ.

ಮರುದಿನ ಸಂಜೆ ಪಟ್ಟೆ ನೋಡಲು ಅವರ ಮನೆಗೆ ಹೋದೆ. ಎದುರುಮನೆಯ ದೀಪ ಜೋರಾಗಿ ಉರಿಯುತ್ತಿತ್ತು, ಮಿಷನ್ನು ಗಡಗಡ ಎನ್ನುತ್ತಿತ್ತು. ಗೋಡೆ ಬೆಳ್ಳಗಿತ್ತು. ನಾನು ಹತ್ತಿರದಿಂದ ನೋಡಿದೆ, ದೂರದಿಂದ ನೋಡಿದೆ, ಮರ್ಯಾದೆಗೆಂದು ಬಗ್ಗಿಯೂ ನೋಡಿದೆ.

"ನಿಮ್ಗೂ ಕಾಣ್ತಿಲ್ವಲ್ಲ?" ಎಂದು ಅವರ ಹೆಂಡತಿ ಕೇಳಿದರು. "ಮೊನ್ನೆ ವೆಲ್ಡಿಂಗಿನವನನ್ನ ಕರ್ಕೊಂಡು ಬಂದಿದ್ರು, ಸರಳು ಡೊಂಕಾಗಿದೆ ನೆಟ್ಟಗೆ ಮಾಡು ಅಂತ. ಅವನು ಅಳತೆಪಟ್ಟಿ ಇಟ್ಟು ನೋಡಿ, ಇದಕ್ಕಿಂತ ನೆಟ್ಟಗೆ ಮಾಡಿದ್ರೆ ಮುರಿದೇ ಹೋಗುತ್ತೆ ಯಜಮಾನ್ರೇ ಅಂದ. ಕುಣಿಯಕ್ಕೆ ಬಾರದವರು ನೆಲ ಡೊಂಕು ಅಂದಂಗೆ ಆಯ್ತು ಇವರದ್ದು. ರೀ, ಕಣ್ಣಿಗೆ ಒಂದ್ಸಲ ತೋರಿಸ್ಕೊಳ್ಳಿ ಅಂತ ಎಷ್ಟು ಸಲ ಹೇಳಿದೀನಿ."

"ನೋಡೇ," ಎಂದರು ಪಟ್ಟೆಯಪ್ಪ, ತಾಳ್ಮೆಯಿಂದ. "ಬೆಳಕು ಕಣವೂ ಹೌದು, ಅಲೆಯೂ ಹೌದು. ನೀನು ಕಣ ನೋಡ್ತೀಯ, ನಾನು ಅಲೆ ನೋಡ್ತೀನಿ. ಇಬ್ರದ್ದೂ ಸರಿ."

"ಕಣದ ವಿಷ್ಯ ನನ್ಹತ್ರ ಆಡ್ಬೇಡಿ. ಬೆಳಿಗ್ಗೆ ಅಕ್ಕಿ ಆರಿಸಿಕೊಟ್ರಲ್ಲ, ಅದರಲ್ಲಿ ಏಳು ಕಲ್ಲು ಇತ್ತು."

ಇಷ್ಟು ಕೇಳಿದ ಮೇಲೆ ಬುದ್ಧಿ ಇರುವವನು ಏನು ಮಾಡಬೇಕಿತ್ತು ಎಂಬುದು ನನಗೆ ಈಗ ಗೊತ್ತು. ಆಗ ನಾನು ಕಾಫಿ ಕುಡಿದು, ಪಟ್ಟೆಯಪ್ಪನವರ ಜೊತೆ ಓಣಿ ದಾಟಿ ಟೇಲರಮ್ಮನ ಮನೆಗೆ ಹೋದೆ.

ಟೇಲರಮ್ಮ ಬಾಯಲ್ಲಿ ಗುಂಡುಸೂಜಿ ಕಚ್ಚಿಕೊಂಡೇ ಎಲ್ಲವನ್ನೂ ಕೇಳಿಸಿಕೊಂಡಳು. ಆಮೇಲೆ ಒಂದೊಂದಾಗಿ ಸೂಜಿ ತೆಗೆದು ಹೇಳಿದಳು.

"ಅಣ್ಣಾ, ನೀವು ಹೇಳಿದ್ದು ನಂಗೆ ಅರ್ಥ ಆಗ್ಲಿಲ್ಲ. ನಿಮಗೆ ತೊಂದ್ರೆ ಆಗ್ತಿದೆ ಅನ್ನೋದು ಅರ್ಥ ಆಯ್ತು. ದೀಪ ಆರಿಸಕ್ಕೆ ಆಗಲ್ಲ, ನೂರಾ ನಲವತ್ತು ಅಂಗಿ ಇದೆ. ಟ್ಯೂಬ್‌ಲೈಟ್ ತೆಗೆದು ಹಳದಿ ಬಲ್ಬ್ ಹಾಕ್ಲಾ?"

"ಹಳದೀನಾ," ಎಂದರು ಪಟ್ಟೆಯಪ್ಪ, ಮುಖ ಕಪ್ಪಿಟ್ಟು. "ಲ್ಯಾಬಲ್ಲಿ ಇರೋದೇ ಹಳದಿ ದೀಪ ಅಮ್ಮ. ಹಳದಿಗೆ ಪಟ್ಟೆ ಇನ್ನೂ ಚೆನ್ನಾಗಿ ಬೀಳುತ್ತೆ."

ಅವಳು ಕಿಟಕಿಗೆ ಪರದೆ ಕಟ್ಟಿಕೊಂಡಳು. ಶಾಲೆಯ ಯೂನಿಫಾರಂ ಬಟ್ಟೆಯಲ್ಲೇ ಒಂದು ತುಂಡು ಉಳಿಸಿ ಹೊಲಿದಿದ್ದಳು, ನೀಲಿ ಬಣ್ಣದ್ದು. ಪಟ್ಟೆ ಹೋಗಲಿಲ್ಲ. ಬೆಳಕು ಪರದೆಯ ಸಂದಿಯಲ್ಲಿ ಕಣಕಣವಾಗಿ ನುಸುಳಿ ಬಂದು ಈಚೆಗೆ ಮತ್ತೆ ಅಲೆಯಾಗುತ್ತಿದೆ ಎಂದು ಪಟ್ಟೆಯಪ್ಪ ಪತ್ತೆ ಮಾಡಿದರು. ತಾನು ಹಿಡಿದ ಮೊಲಕ್ಕೆ ಮೂರೇ ಕಾಲು ಎನ್ನುವವರನ್ನು ನಾನು ಕಂಡಿದ್ದೇನೆ, ಮೊಲವೇ ಇಲ್ಲದೆ ಕಾಲು ಎಣಿಸುವವರನ್ನು ಕಂಡದ್ದು ಅದೇ ಮೊದಲು.

ವಿಷಯ ಮೇಡಂವರೆಗೂ ಹೋಯಿತು. ನಾನು ಸಹಿಗೆಂದು ಲ್ಯಾಬಿಗೆ ಹೋದಾಗ ಇಬ್ಬರೂ ಕತ್ತಲಕೋಣೆಯ ಬಾಗಿಲಲ್ಲಿ ನಿಂತಿದ್ದರು.

"ಸೀಳು ಅಂದ್ರೆ ಕೂದಲೆಳೆಯಷ್ಟು ಇರ್ಬೇಕು," ಎನ್ನುತ್ತಿದ್ದರು ಮೇಡಂ. "ನಿಮ್ಮ ಕಿಟಕೀಲಿ ನಾನೇ ತೂರಬಹುದು."

"ದೊಡ್ಡ ಕಿಟಕಿಗೆ ದೊಡ್ಡ ಪಟ್ಟೆ ಮೇಡಂ."

"ಸರಿ, ಒಂದು ಕಿಟಕಿ ಮುಚ್ಚಿ ನೋಡಿ. ಎರಡು ಸೀಳಿಲ್ಲದೆ ಪಟ್ಟೆ ಇಲ್ಲ. ಆಮೇಲೂ ಕಂಡ್ರೆ ಅದು ಬೆಳಕಿನ ತಪ್ಪಲ್ಲ."

"ನಿನ್ನೆ ಮುಚ್ಚಿ ನೋಡಿದೆ. ಮುಚ್ಚಿದ್ರೂ ಇದೆ. ಎಂಥಾ ಹಠಮಾರಿ ದೀಪ ನೋಡಿ."

ಮೇಡಂ ಅವರ ಕಣ್ಣನ್ನೇ ನೋಡಿ ಕೇಳಿದರು. "ಕಣ್ಣು ತೋರಿಸಿದ್ರಾ?"

ಪಟ್ಟೆಯಪ್ಪನವರಿಗೆ ಅದು ನಾಟಿತು. ಅವರು ಉತ್ತರ ಕೊಟ್ಟ ರೀತಿ ನನಗೆ ಇನ್ನೂ ನೆನಪಿದೆ, ದನಿ ಎತ್ತಲಿಲ್ಲ.

"ಒಂದೊಂದೇ ಕಣ ಬಿಟ್ರೂ ಅದು ಎರಡು ಸೀಳಲ್ಲೂ ಹೋದಂಗೆ ಇರುತ್ತೆ, ಯಾವುದರಲ್ಲಿ ಹೋಯ್ತು ಅಂತ ನೋಡಕ್ಕೆ ಹೋದ್ರೆ ಮಾತ್ರ ಒಂದರಲ್ಲೇ ಹೋಗಿರುತ್ತೆ ಅಂತ ನೀವೇ ಪಾಠ ಮಾಡ್ತೀರ ಮೇಡಂ. ನೋಡೋ ತನಕ ಎರಡೂ. ನೋಡಿದ ಮೇಲೆ ಒಂದೇ. ನಂಗೆ ಸದ್ಯಕ್ಕೆ ಎರಡೂ ಇರ್ಲಿ."

ಕಣ್ಣಿನ ಡಾಕ್ಟರ ಹತ್ತಿರ ಅವರು ಹೋಗಲಿಲ್ಲ. ನನ್ನ ಹತ್ತಿರ ಬಂದರು.

"ಒಂದು ಅರ್ಜಿ ಬರೆದುಕೊಡಿ. ವಿದ್ಯುತ್ ಕಚೇರಿಗೆ."

ನಾನು ಎರಡು ಸಂಜೆ ಆ ಅರ್ಜಿಗೆ ಕೂತೆ. ಅವರು ಇಂಟರ್‌ಫಿಯರೆನ್ಸ್ ಎಂದಿದ್ದರು. ಇಂಗ್ಲಿಷ್ ಪದ ಇಟ್ಟರೆ ಅರ್ಜಿಗೆ ಕಳೆ ಬರುವುದಿಲ್ಲ ಎಂಬುದು ನನ್ನ ಸಿದ್ಧಾಂತ. ನಿಘಂಟು ತೆಗೆದೆ. ನಾಲ್ಕೈದು ಅರ್ಥಗಳಿದ್ದವು. ಅವುಗಳಲ್ಲಿ ಗತ್ತಾಗಿ ಕಂಡದ್ದನ್ನು ಆರಿಸಿಕೊಂಡೆ. "ಎದುರುಮನೆಯ ನಿವಾಸಿಯ ದೀಪವು ನಮ್ಮ ಮನೆಯ ಬೆಳಕಿನಲ್ಲಿ ಎರಡು ಸೀಳುಗಳ ಮೂಲಕ ಸತತವಾಗಿ ಹಸ್ತಕ್ಷೇಪ ಎಸಗುತ್ತಿದ್ದು, ತತ್ಪರಿಣಾಮವಾಗಿ ನಡುಮನೆಯಲ್ಲಿ ಕತ್ತಲೆ ಆವರಿಸಿರುತ್ತದೆ." ಓದಿ ಹೇಳಿದಾಗ ಪಟ್ಟೆಯಪ್ಪನವರ ಕಣ್ಣಲ್ಲಿ ನೀರು ಬಂತು. ಅದು ನನ್ನ ಶೈಲಿಗೆ ಬಂದ ನೀರು ಎಂದುಕೊಂಡೆ.

ಮೊದಲ ಅರ್ಜಿಗೆ ಉತ್ತರ ಬರಲಿಲ್ಲ. ಒಂದು ತಿಂಗಳು ಬಿಟ್ಟು ಎರಡನೆಯದು ಬರೆದೆ, ಇನ್ನೂ ಚೆನ್ನಾಗಿ. ಅದಕ್ಕೂ ಒಂದು ತಿಂಗಳಾಯಿತು. ಆಮೇಲೆ ಜ್ಞಾಪನಾ ಪತ್ರ. ಈ ನಡುವೆ ಪಟ್ಟೆಯಪ್ಪ ಆಫೀಸಿನ ಮೆಟ್ಟಿಲಲ್ಲಿ ಎರಡು ಸಲ ಎಡವಿದರು, ಪ್ರಿನ್ಸಿಪಾಲರಿಗೆ ನಮಸ್ಕಾರ ಹೇಳುವ ಬದಲು ಬಾಗಿಲ ಪಕ್ಕ ನೇತುಹಾಕಿದ್ದ ಕೋಟಿಗೆ ಹೇಳಿದರು. ನಾವೆಲ್ಲ ನಕ್ಕೆವು. ಅವರೂ ನಕ್ಕರು.

ಕೊನೆಗೊಂದು ಶನಿವಾರ ಮಧ್ಯಾಹ್ನ ವಿದ್ಯುತ್ ಕಚೇರಿಯ ಜೀಪು ಓಣಿಗೆ ಬಂತು. ಅಧಿಕಾರಿಯೊಬ್ಬರು, ಏಣಿ ಹೊತ್ತ ಲೈನ್‌ಮನ್ ಒಬ್ಬ. ಹಸ್ತ ಎಂದರೆ ಕೈ, ಕ್ಷೇಪ ಎಂದರೆ ಹಾಕುವುದು. ನನ್ನ ಅರ್ಜಿಯನ್ನು ಅವರು ಹಾಗೆ ಬಿಡಿಸಿ ಓದಿಕೊಂಡು ಬಂದಿದ್ದರು.

"ನಿಮ್ಮ ಲೈನಿಗೆ ಕೈ ಹಾಕಿರೋದು ಯಾರು?" ಎಂದರು ಅಧಿಕಾರಿ.

"ಕೈ ಅಲ್ಲ ಸಾರ್, ಅಲೆ," ಎಂದರು ಪಟ್ಟೆಯಪ್ಪ.

"ಅಲೆನಾ? ಲೈನಿಗೆ ನೀರು ಬಿಟ್ಟಿದ್ದಾರಾ?" ಅಧಿಕಾರಿ ಲೈನ್‌ಮನ್ ಕಡೆ ತಿರುಗಿದರು. "ನೀರಿನ ಅಂಶ ಇದೆ, ಬರ್ಕೋ."

"ನೀರಲ್ಲ ಸಾರ್. ಒಂದು ಕಡೆಯಿಂದ ನೋಡಿದ್ರೆ ಅದು ಕಣ."

"ಕಿಡಿ ಹಾರಿದೆ, ಅದನ್ನೂ ಬರ್ಕೋ. ಸೀಳು ಅಂತ ಬೇರೆ ಕೊಟ್ಟಿದೀರ, ಎಷ್ಟು ಕಡೆ ಸೀಳಿದೆ?"

"ಎರಡು."

"ವಯರು ಎರಡು ಕಡೆ ಸೀಳಿದೆ," ಎಂದು ಅಧಿಕಾರಿ ತಾವೇ ಬಾಯಿಬಿಟ್ಟು ಹೇಳಿ ಬರೆಸಿದರು. ನಾನು ಪಕ್ಕದಲ್ಲೇ ಇದ್ದೆ. ಎತ್ತು ಈಯಿತು ಅಂದರೆ ಕೊಟ್ಟಿಗೆಗೆ ಕಟ್ಟು ಎನ್ನುವ ಪೈಕಿ ಅವರು, ನಾನು ಆ ಎತ್ತಿಗೆ ಹೆರಿಗೆ ಮಾಡಿಸಿದವನು. ಹಸ್ತಕ್ಷೇಪ ಎಂದರೆ ಇಲ್ಲಿ ಬೇರೆ ಅರ್ಥ ಎಂದು ಹೇಳಲು ಹೋದೆ. "ನೀವು ಯಾರು ಮಧ್ಯೆ ಬಾಯಿ ಹಾಕಕ್ಕೆ?" ಎಂದರು. ಅದಕ್ಕೂ ಹಸ್ತಕ್ಷೇಪ ಎಂದೇ ಹೆಸರಿರುವುದರಿಂದ ಸುಮ್ಮನಾದೆ.

ಓಣಿ ತುಂಬಿತು. ಮೂಲೆಮನೆಯ ನಿವೃತ್ತ ಕಂಡಕ್ಟರು, ಆವತ್ತಿನವರೆಗೆ ತುಟಿ ಬಿಚ್ಚದವರು, "ನಾನು ಅವತ್ತೇ ಹೇಳಿದ್ದೆ" ಎಂದರು. ಕಳ್ಳ ಕರೆಂಟಿನಿಂದ ಹೊಲಿದ ಅಂಗಿ ಹಾಕಿಕೊಂಡರೆ ಶಾಕ್ ಹೊಡೆಯುತ್ತದೆಯೇ ಎಂದು ಒಬ್ಬಾಕೆ ಲೈನ್‌ಮನ್‌ನನ್ನು ಕೇಳಿದಳು. ಅವನು ಯೋಚಿಸಿ, ಮಳೆಗಾಲದಲ್ಲಿ ಹುಷಾರಾಗಿರಬೇಕು ಎಂದ. ಟೇಲರಮ್ಮ ಬಾಗಿಲಲ್ಲಿ ಕೊರಳಿಗೆ ಅಳತೆಪಟ್ಟಿ ಹಾಕಿಕೊಂಡು ನಿಂತಿದ್ದಳು.

"ನನ್ ವಯರು ಎಲ್ಲಿ ಸೀಳಿದೆ ತೋರಿಸಿ ಸಾರ್."

"ಅದು ವಿಚಾರಣೇಲಿ ಗೊತ್ತಾಗುತ್ತೆ. ಅಲ್ಲೀವರೆಗೂ ಕರೆಂಟಿಲ್ಲ."

"ಸೋಮವಾರ ಅಂಗಿ ಕೊಡ್ಬೇಕು."

"ಸೋಮವಾರ ಆಫೀಸಿಗೆ ಬನ್ನಿ," ಎಂದರು ಅಧಿಕಾರಿ. ಲೈನ್‌ಮನ್ ಕಂಬ ಹತ್ತಿದ. ಮಿಷನ್ನಿನ ಮೇಲಿನ ಟ್ಯೂಬ್‌ಲೈಟ್ ಆರಿತು.

ಸಂಜೆಯಾಯಿತು. ಮೂರು ತಿಂಗಳಲ್ಲಿ ಮೊದಲ ಬಾರಿಗೆ ಎದುರುಮನೆ ಕತ್ತಲಾಗಿತ್ತು. ಪಟ್ಟೆಯಪ್ಪನವರ ಹೆಂಡತಿ ನಡುಮನೆಯ ಬಲ್ಬು ಹಾಕಿದರು, ನಾನು ಕುರ್ಚಿಯಲ್ಲಿ ಕೂತಿದ್ದೆ. ಪಟ್ಟೆಯಪ್ಪ ಗೋಡೆಗೆ ಎದುರಾಗಿ ನಿಂತು ನೋಡಿದರು. ಬಲಗಣ್ಣು ಮುಚ್ಚಿ ನೋಡಿದರು, ಎಡಗಣ್ಣು ಮುಚ್ಚಿ ನೋಡಿದರು. ಕಿಟಕಿಯ ಹತ್ತಿರ ಹೋಗಿ ಸರಳಿನ ಉದ್ದಕ್ಕೂ ಬೆರಳಾಡಿಸಿದರು. ಸರಳು ಕೈಗೆ ನೆಟ್ಟಗಿತ್ತು.

"ಹೋಯ್ತೇನ್ರೀ ಪಟ್ಟೆ?" ಎಂದು ಹೆಂಡತಿ ಕೇಳಿದರು.

"ಹೋಯ್ತು," ಎಂದರು.

ಆ ಒಂದು ಮಾತು ನನಗೆ ಸರಿಯೆನಿಸಲಿಲ್ಲ. ಇಪ್ಪತ್ತಾರು ವರ್ಷದಲ್ಲಿ ಪಟ್ಟೆ ಕಂಡರೆ ಎಷ್ಟು ಎಂದು ಹೇಳದೆ ಅವರು ಬಿಟ್ಟವರಲ್ಲ, ಹೋದರೆ ಯಾಕೆ ಹೋಯಿತು ಎಂದು ಹೇಳದೆ ಬಿಟ್ಟವರಲ್ಲ.

ಆಗ ಟೇಲರಮ್ಮ ಒಳಗೆ ಬಂದಳು. ಕೈತುಂಬ ಬಿಳಿ ಅಂಗಿ, ಮೇಲೆ ಗುಂಡಿಯ ಡಬ್ಬಿ.

"ಮಿಷನ್ ಕೆಲಸ ಮುಗಿದಿತ್ತು. ಗುಂಡಿ ಬಾಕಿ," ಎಂದಳು. "ದೀಪ ಆರಿಸಿದವರ ಮನೇಲೇ ಬೆಳಕು ಕೇಳ್ಬೇಕಲ್ಲ, ಅದಕ್ಕೇ ಬಂದೆ ಅಣ್ಣಾ. ಇಲ್ಲಿ ಕೂತ್ಕೊಳ್ಲಾ?"

ಪಟ್ಟೆಯಪ್ಪನವರ ಹೆಂಡತಿ ಚಾಪೆ ಹಾಸಿ, ತಾವೂ ಒಂದು ಅಂಗಿ ಎಳೆದುಕೊಂಡರು. ಟೇಲರಮ್ಮ ಬಲ್ಬಿನ ಕೆಳಗೆ ಕೂತು, ಜಗಳ ಮುಗಿಸುವವರು ಯಾವುದಾದರೊಂದು ಮಾತು ತೆಗೆಯುತ್ತಾರಲ್ಲ, ಹಾಗೆ ಸೂಜಿ ಮತ್ತು ದಾರವನ್ನು ಪಟ್ಟೆಯಪ್ಪನವರ ಕಡೆ ಚಾಚಿದಳು.

"ನಿಮ್ಮ ಕಣ್ಣು ಚೂಪು ಅಂತ ಅಕ್ಕ ಯಾವಾಗ್ಲೂ ಹೇಳ್ತಾರೆ. ಪೋಣಿಸಿಕೊಡಿ."

ಅವರು ತೆಗೆದುಕೊಂಡರು. ದಾರದ ತುದಿಯನ್ನು ತುಟಿಯಲ್ಲಿ ನೆನೆಸಿ ಹೊಸೆದು ಸೂಜಿಗೆ ಒಡ್ಡಿದರು. ದಾರ ಸೂಜಿಯ ಎಡಕ್ಕೆ ಹೋಯಿತು. ಮತ್ತೆ ಒಡ್ಡಿದರು, ಬಲಕ್ಕೆ ಹೋಯಿತು. ಎಡಕ್ಕೆ, ಬಲಕ್ಕೆ. ನಾನು ಎಣಿಸುವುದನ್ನು ನಿಲ್ಲಿಸಿದೆ. ಅವರ ಹೆಂಡತಿ ಗುಂಡಿ ಹಾಕುತ್ತಿದ್ದ ಕೈ ನಿಲ್ಲಿಸಿ ಗಂಡನನ್ನೇ ನೋಡುತ್ತಿದ್ದರು.

"ಟೇಲರಮ್ಮ," ಎಂದರು ಪಟ್ಟೆಯಪ್ಪ ಕೊನೆಗೆ. "ಈ ಸೂಜಿಗೆ ಕಣ್ಣಿಲ್ಲ."

ಅವಳು ಸೂಜಿ ವಾಪಸು ತೆಗೆದುಕೊಂಡಳು. ಒಂದೇ ಸಲಕ್ಕೆ ದಾರ ಪೋಣಿಸಿದಳು, ಅವರಿಗೆ ಕಾಣಬಾರದೆಂದು ಕೈಯನ್ನು ಸೆರಗಿನ ಮರೆಗೆ ಹಿಡಿದುಕೊಂಡು. "ಹೌದಣ್ಣ, ಈ ಸೂಜಿ ಸರಿಯಿಲ್ಲ. ಬೇರೆ ತಗೋತೀನಿ," ಎಂದು ಅದೇ ಸೂಜಿಯಲ್ಲಿ ಗುಂಡಿ ಹಾಕತೊಡಗಿದಳು.

ಸೋಮವಾರ ಕಣ್ಣಿನ ಡಾಕ್ಟರ ಹತ್ತಿರ ಹೋದೆವು, ಅವರು, ಅವರ ಹೆಂಡತಿ, ನಾನು. ಡಾಕ್ಟರು ಚೌಕ ಚೌಕದ ಗೆರೆ ಹಾಕಿದ ಒಂದು ಹಾಳೆ ಕೊಟ್ಟರು, ನಡುವೆ ಒಂದು ಚುಕ್ಕೆ.

"ಗೆರೆ ನೆಟ್ಟಗಿದೆಯಾ?"

"ಇಲ್ಲ. ಅಲೆ."

"ನಡುವಿನ ಚುಕ್ಕೆ ಕಾಣುತ್ತಾ?"

"ಚುಕ್ಕೆ ಇದೆಯಾ?" ಎಂದು ಪಟ್ಟೆಯಪ್ಪ ನನ್ನನ್ನು ಕೇಳಿದರು. ನಾನು ಇದೆ ಎಂದೆ.

ಕಣ್ಣಿನ ಹಿಂದಿನ ಪರದೆ ನಡುಮಧ್ಯದಲ್ಲೇ ಕೆಟ್ಟಿತ್ತು. ಎಡಗಣ್ಣು ಹೋದ ಹಾಗೆಯೇ. ಬಲಗಣ್ಣಿಗೆ ಇಂಜೆಕ್ಷನ್ ಕೊಟ್ಟು ಉಳಿದಷ್ಟನ್ನು ಹಿಡಿದಿಡಲು ನೋಡೋಣ, ಅಂಚಿನ ನೋಟ ಇರುತ್ತದೆ, ನಡೆದಾಡಬಹುದು, ಸಣ್ಣದನ್ನು ನೋಡುವ ಕೆಲಸ ಇನ್ನಾಗದು ಎಂದರು ಡಾಕ್ಟರು. ಶುರುವಾದಾಗಲೇ ಬಂದಿದ್ದರೆ ಬಹಳಷ್ಟು ಉಳಿಯುತ್ತಿತ್ತು.

"ಮೂರು ತಿಂಗಳಿಂದ ಏನ್ ಮಾಡ್ತಿದ್ರಿ?"

"ಅರ್ಜಿ ಕೊಡ್ತಿದ್ವಿ," ಎಂದರು ಪಟ್ಟೆಯಪ್ಪ.

ಅವರಿಗೆ ನನ್ನ ಮೇಲೆ ಸಿಟ್ಟಿರಲಿಲ್ಲ. ಇದ್ದಿದ್ದರೆ ನನಗೆ ಒಳ್ಳೆಯದಿತ್ತು. ಮೂರು ತಿಂಗಳನ್ನು ನಾನು ಒಂದೂ ಕಾಗುಣಿತದ ತಪ್ಪಿಲ್ಲದೆ ಬರೆದು ಮುಗಿಸಿದ್ದೆ. ಹೊರಗೆ ಬಂದಾಗ ಅವರು ನನ್ನ ತೋಳು ಹಿಡಿದು ಕೇಳಿದ್ದು ಒಂದೇ. "ಮೇಡಂಗೆ ಹೇಳ್ಬೇಡಿ. ರಿಟೈರಾಗಕ್ಕೆ ಇನ್ನು ಒಂದೂಕಾಲು ವರ್ಷ."

ಮರುದಿನ ಅರ್ಜಿ ಹಿಂತೆಗೆದುಕೊಳ್ಳುವ ಅರ್ಜಿ ಬರೆದೆ, ನಾಲ್ಕೇ ಸಾಲು. ಆ ಪದಕ್ಕೆ ಶಾಸ್ತ್ರದಲ್ಲಿ ವ್ಯತಿಕರಣ ಎನ್ನುತ್ತಾರೆ ಎಂದು ಮೇಡಂ ಅವರ ಪುಸ್ತಕ ನೋಡಿ ತಿಳಿ‌ದುಕೊಂಡಿದ್ದೆ, ಬರೆಯಲಿಲ್ಲ. "ದೂರುದಾರರಿಗೆ ಕಣ್ಣು ಕಾಣುವುದಿಲ್ಲ" ಎಂದಷ್ಟೇ ಬರೆದೆ. ಅಧಿಕಾರಿಗಳು ಇದೇ ಮೊದಲು ನಮ್ಮ ಅರ್ಜಿ ಅರ್ಥವಾಯಿತು ಎಂದು ಹೇಳಿ ಅಂದೇ ಲೈನ್ ಕೊಡಿಸಿದರು. ಸಂಜೆ ಟೇಲರಮ್ಮ ಪರದೆಯನ್ನು ಪೂರ್ತಿ ಸರಿಸಿ ದೀಪ ಹಾಕಿದಳು. ಅಣ್ಣನ ಕಣ್ಣಿನ ಅಂಚಿಗೆ ಎಷ್ಟು ಬೀಳುತ್ತೋ ಅಷ್ಟು ಬೀಳಲಿ ಎಂದು ಅಕ್ಕನ ಹತ್ತಿರ ಹೇಳಿದಳಂತೆ.

ಹದಿನೈದು ದಿನದ ಮೇಲೆ, ಪಟ್ಟೆಯಪ್ಪನವರ ಇಂಜೆಕ್ಷನ್ನಿನ ದಿನಕ್ಕೆ "ಸ್ವಂತ ಕೆಲಸ" ಎಂದು ಬರೆದ ರಜೆಯ ಚೀಟಿಗೆ ಸಹಿ ಬೇಕಾಗಿ ನಾನು ಲ್ಯಾಬಿಗೆ ಹೋದೆ. ಕತ್ತಲಕೋಣೆಯಲ್ಲಿ ಹೊಸ ತಂಡ, ಹಳದಿ ದೀಪ, ಯಾರಿಗೂ ಪಟ್ಟೆ ಸಿಕ್ಕಿರಲಿಲ್ಲ. ಮೇಡಂ ಎಂದಿನಂತೆ ಸ್ಟೂಲಿನ ಕಡೆ ನೋಡಿದರು. ಪಟ್ಟೆಯಪ್ಪ ಎದ್ದು ಬಂದರು. ಮೇಜನ್ನು ಸವರಿಕೊಂಡು ಸೀಳಿನ ತಿರುಪು ಹುಡುಕಿ, ಬೆರಳ ತುದಿಯಿಂದ ಇಷ್ಟೇ ಇಷ್ಟು ತಿರುಗಿಸಿ, ಬಗ್ಗಿ ಕೊಳವೆಗೆ ಕಣ್ಣಿಟ್ಟರು. ಬಹಳ ಹೊತ್ತು ಹಾಗೇ ಇದ್ದರು.

"ಹದಿನಾಲ್ಕು ಮೇಡಂ."

ಕೊಳವೆಯ ಆಚೆ ತುದಿಗೆ ಹಾಕಿದ್ದ ಹಿತ್ತಾಳೆಯ ಮುಚ್ಚಳವನ್ನು ಯಾರೂ ತೆಗೆದಿರಲಿಲ್ಲ. ನಾನು ನೋಡಿದೆ. ಮೇಡಂ ಅದನ್ನು ನೋಡುತ್ತಿದ್ದುದನ್ನೂ ನೋಡಿದೆ.

"ಹದಿನಾಲ್ಕು, ಬರ್ಕೊಳ್ಳಿ," ಎಂದರು ಮೇಡಂ ವಿದ್ಯಾರ್ಥಿಗಳಿಗೆ. ಪುಸ್ತಕಗಳ ಮೇಲೆ ಪೆನ್ನುಗಳು ಸರಿದವು. ಪಟ್ಟೆಯಪ್ಪ ಹೋಗಿ ಸ್ಟೂಲಿನ ಮೇಲೆ ಕೂತರು.

ವಿದ್ಯಾರ್ಥಿಗಳೆಲ್ಲ ಹೋದ ಮೇಲೆ ಮೇಡಂ ಸದ್ದಾಗದ ಹಾಗೆ ಮುಚ್ಚಳ ತೆಗೆದು, ತಾವೇ ಬಗ್ಗಿ ಕಣ್ಣಿಟ್ಟು, ತುಟಿಯಲ್ಲೇ ಎಣಿಸಿದರು. ಹದಿನಾಲ್ಕೇ ಇದ್ದವು.